ಬಚ್ಚಲುಮನೆಗೆ ಮರದ ಪೀಠವನ್ನು ಮಾಡಿಸುವ ಕ್ರಮ

ಮಾಲೂರು ತಾಲ್ಲೂಕಿನ ಮಾಸ್ತಿ ಹೋಬಳಿಯಲ್ಲಿಯೂ ಅದರ ಸುತ್ತಿನ ಗ್ರಾಮಗಳಲ್ಲಿಯೂ ಹೊಸದಾಗಿ ಮನೆ ಕಟ್ಟಿಸುವವರು ತಲೆಬಾಗಿಲಿಗೆ ಒಳ್ಳೆಯ ಮರವನ್ನು ಹುಡುಕಿಕೊಂಡು ಹತ್ತೂರು ತಿರುಗುವುದುಂಟು. ಬಚ್ಚಲುಮನೆಯಲ್ಲಿ ಕುಳಿತು ಸ್ನಾನಮಾಡುವ ಮಣೆಗಾದರೋ ಬಾಗಿಲಿನ ಕೆಲಸದಲ್ಲಿ ಮಿಕ್ಕ ತುಂಡೇ ಸಾಕೆಂದು ಬಹುಮಂದಿಯ ಎಣಿಕೆ. ಇದು ಹಿಂದುಮುಂದಾದ ಲೆಕ್ಕ. ಬಾಗಿಲು ಒಣಗಿದ ಸ್ಥಳದಲ್ಲಿ ನೆಟ್ಟಗೆ ನಿಂತಿರತಕ್ಕದ್ದು. ಅದರ ಮೇಲೆ ಯಾರೂ ಕುಳಿತುಕೊಳ್ಳುವುದಿಲ್ಲ. ಬಚ್ಚಲಿನ ಮಣೆಯು ದಿನಕ್ಕೆ ಎರಡು ಮೂರು ಸಲ ಬಿಸಿನೀರಿನಲ್ಲಿ ನೆನೆದು, ಅರೆಬರೆ ಒಣಗಿ, ಪುನಃ ನೆನೆಯುತ್ತದೆ. ಮನೆಯ ಮರಸಾಮಾನುಗಳಲ್ಲಿ ಇದರಷ್ಟು ಕಷ್ಟಕ್ಕೆ ಗುರಿಯಾಗುವುದು ಮತ್ತೊಂದಿಲ್ಲ. ಅದನ್ನು ನಂಬಿ ಕುಳಿತುಕೊಳ್ಳುವವರು ಮೊಣಕಾಲು ಬಗ್ಗದ ವೃದ್ಧರು, ಬಾಣಂತಿಯರು, ಮೈತುಂಬ ಹರಳೆಣ್ಣೆ ಹಚ್ಚಿಸಿಕೊಂಡ ಮಕ್ಕಳು.

ಇದನ್ನು ಬರೆಯುವವರ ಮನೆಯಲ್ಲಿ ನಾಲ್ಕು ಕಾಲಿನ ಮರದ ಬೆಂಚೊಂದು ಬಚ್ಚಲಿನಲ್ಲಿ ಬಹುಕಾಲ ಇತ್ತು. ನೋಡುವುದಕ್ಕೆ ಗಟ್ಟಿಯಾಗಿಯೇ ಇತ್ತು. ಮೇಲಿನ ಹಲಗೆಯಲ್ಲಿ ಬಿರುಕೂ ಇರಲಿಲ್ಲ. ಒಂದು ದಿನ ಬೆಳಗ್ಗೆ ಮನೆಯ ಅಜ್ಜಿ ಸ್ನಾನ ಮುಗಿಸಿ ಕೈಯೂರಿ ಏಳುವಾಗ ಅದರ ಹಿಂದಿನ ಕಾಲು ಮುರಿಯಿತು. ಅಜ್ಜಿಯ ತೊಡೆಯ ಮೂಳೆಯೂ ಮುರಿಯಿತು. ಆ ಮೇಲೆ ಬೆಂಚನ್ನು ಮಗುಚಿ ನೋಡಿದರೆ, ನಾಲ್ಕು ಕಾಲುಗಳೂ ನೆಲವನ್ನು ಮುಟ್ಟುವ ತುದಿಯಿಂದ ನಾಲ್ಕು ಅಂಗುಲದವರೆಗೆ ಒಳಗೇ ಕೊಳೆತು, ಉಗುರಿನಿಂದ ಕೆದಕಿದರೆ ಪುಡಿಯಾಗುವಂತೆ ಆಗಿದ್ದುವು. ಮೇಲುಗಡೆ ಮಾತ್ರ ಅದು ತೇಗದ ಬೆಂಚು; ಕಾಲುಗಳನ್ನು ಬಡಗಿಯು ಯಾವುದೋ ಬಿಳಿಯ ಮರದಿಂದ ಮಾಡಿದ್ದನು. ವಯಸ್ಸಾದವರಿಗೆ ಇಂತಹ ಪೆಟ್ಟಾದರೆ ಎಷ್ಟೋ ಸಲ ಮತ್ತೆ ನಡೆದಾಡುವಂತಾಗುವುದಿಲ್ಲವೆಂಬುದನ್ನು ಎಲ್ಲರೂ ಬಲ್ಲರು. ಆದಕಾರಣ ಈ ಚಿಕ್ಕ ವಸ್ತುವಿನ ವಿಷಯವಾಗಿ ಇಷ್ಟು ವಿಸ್ತಾರವಾಗಿ ಬರೆಯಬೇಕಾಯಿತು.

ಕಲ್ಲು ಇರುವಾಗ ಮರವೇಕೆ?

ಕೋಲಾರದ ಸೀಮೆ ಕಲ್ಲಿನ ಸೀಮೆ. ಟೇಕಲ್ಲಿನ ಬೆಟ್ಟಗಳನ್ನು ನೋಡಿದವರಿಗೆ ಇದನ್ನು ಹೇಳಬೇಕಾಗಿಲ್ಲ. ಹಳೆಯ ಮನೆಗಳ ಬಚ್ಚಲಿನಲ್ಲಿ ಒಂದು ದಪ್ಪ ಚಪ್ಪಡಿಯನ್ನು ಹಾಸಿ, ಅದರ ಮೇಲೆಯೇ ಕುಳಿತು ಸ್ನಾನಮಾಡುತ್ತಿದ್ದುದು ಸಾಧಾರಣ. ಕಲ್ಲು ಕೊಳೆಯುವುದಿಲ್ಲ, ಗೆದ್ದಲು ಹತ್ತುವುದಿಲ್ಲ. ಆದರೆ ಕಲ್ಲಿನಲ್ಲಿ ಶಾಖವು ಮರದಲ್ಲಿಗಿಂತ ಹತ್ತು ಹದಿನೈದು ಪಾಲು ಬೇಗನೆ ಹರಿಯುತ್ತದೆ. ಮಾರ್ಗಶಿರ ಪುಷ್ಯಮಾಸಗಳ ಬೆಳಗಿನಲ್ಲಿ ಬರಿಯ ಕಲ್ಲಿನ ಮೇಲೆ ಕುಳಿತರೆ ಅದು ಮೈಯ ಬಿಸಿಯನ್ನು ಎಳೆದುಕೊಳ್ಳುತ್ತದೆ. ಒಲೆಯ ಪಕ್ಕದ ಕಲ್ಲು ಕಾದಿದ್ದರೆ ಅದೇ ಕಾರಣದಿಂದ ಚರ್ಮವನ್ನು ಸುಡುತ್ತದೆ. ಮರವು ಈ ಎರಡನ್ನೂ ಮಾಡುವುದಿಲ್ಲ.

ಉತ್ತರ ಯೂರೋಪಿನ ಫಿನ್ಲೆಂಡ್ ದೇಶದಲ್ಲಿ ಸೌನಾ ಎಂಬ ಬಿಸಿಕೋಣೆಯ ಸ್ನಾನವು ಮನೆಮನೆಯ ಆಚಾರವಾಗಿದೆ. ೨೦೨೦ರಲ್ಲಿ ಯುನೆಸ್ಕೋ ಸಂಸ್ಥೆಯು ಆ ದೇಶದ ಸೌನಾ ಸಂಪ್ರದಾಯವನ್ನು ಮಾನವಕುಲದ ಪರಂಪರೆಯ ಪಟ್ಟಿಯಲ್ಲಿ ಸೇರಿಸಿತು. ಅಲ್ಲಿ ಕೋಣೆಯ ಗಾಳಿಯು ೮೦ ಡಿಗ್ರಿ ಸೆಂಟಿಗ್ರೇಡಿನಷ್ಟು ಕಾದಿದ್ದರೂ ಜನರು ಬರಿಮೈಯಲ್ಲಿ ಮರದ ಬೆಂಚಿನ ಮೇಲೆ ಕುಳಿತಿರುತ್ತಾರೆ. ಆ ಬೆಂಚುಗಳನ್ನು ಅಗಲವಾದ ಒಂದೇ ಹಲಗೆಯಿಂದ ಮಾಡದೆ ಕಿರಿದಾದ ಪಟ್ಟಿಗಳಿಂದ, ನಡುನಡುವೆ ಸಂದು ಬಿಟ್ಟು ಮಾಡುವುದೂ, ಮೊಳೆಯ ತಲೆ ಮೈಗೆ ತಾಗದಂತೆ ಕೆಳಗಿನಿಂದ ಬಿಗಿಯುವುದೂ, ಕುಳಿತುಕೊಳ್ಳುವ ಭಾಗಕ್ಕೆ ವಾರ್ನಿಷನ್ನು ಬಳಿಯದಿರುವುದೂ ಅಲ್ಲಿನ ರೂಢಿ. ನಮ್ಮ ಹಂಡೆಯ ಒಲೆಗೂ ಅವರ ಕೋಣೆಗೂ ಹೋಲಿಕೆ ಅಲ್ಪವಾದರೂ ಬೆಂಚಿನ ಮಟ್ಟಿಗೆ ಅವರ ಅನುಭವವು ನಮಗೆ ಹಾಗೆಯೇ ಸಲ್ಲುತ್ತದೆ. ಈಚೆಗೆ ಪಟ್ಟಣಗಳ ಸಮೀಪದ ತೋಟದ ಮನೆಗಳಲ್ಲಿ ಹಬೆಸ್ನಾನದ ಕೋಣೆಯನ್ನೇ ಕಟ್ಟಿಸುವವರು ಇದ್ದಾರೆ. ಅಂತಹವರಿಗೂ ಕೆಳಗೆ ಹೇಳುವ ಕ್ರಮವು ಅನುಕೂಲವಾದೀತು.

ಮರ ಕೊಳೆಯುವುದು ಹೇಗೆ?

ನೀರು ತಾಕಿದ ಮಾತ್ರಕ್ಕೆ ಮರವು ಕೊಳೆಯುವುದಿಲ್ಲ. ಕೆರೆಯ ತೂಬಿನ ಮರವು ನೀರಿನೊಳಗೆ ಮುಳುಗಿಯೇ ಎಷ್ಟೋ ವರ್ಷ ಬಾಳುವುದನ್ನು ಹಿರಿಯರು ಕಂಡಿದ್ದಾರೆ. ಮರವನ್ನು ತಿನ್ನುವುದು ಬೂಷ್ಟಿನ ಜಾತಿಯ ಸೂಕ್ಷ್ಮಜೀವಿ. ಅದು ಬೆಳೆಯಬೇಕಾದರೆ ಗಾಳಿಯೂ ತೇವವೂ ಕೂಡಿರಬೇಕು. ಮರದ ಒಣತೂಕದಲ್ಲಿ ನೂರಕ್ಕೆ ಇಪ್ಪತ್ತು ಪಾಲಿಗಿಂತ ಕಡಮೆ ನೀರಿದ್ದರೆ ಅದಕ್ಕೆ ಬೆಳೆಯುವ ಶಕ್ತಿ ಇಲ್ಲ. ಬೆಳಗ್ಗೆ ನೆನೆದ ಪಟ್ಟಿಯು ಮಧ್ಯಾಹ್ನದೊಳಗೆ ಒಣಗಿದರೆ ಬೂಷ್ಟಿಗೆ ಕಾಲೂರಲು ಅವಕಾಶವಾಗುವುದಿಲ್ಲ. ಹಲಗೆಯು ನೆಲಕ್ಕೆ ಅಂಟಿಕೊಂಡಿದ್ದರೆ, ಅಥವಾ ಗೋಡೆಗೆ ಒತ್ತಿಕೊಂಡಿದ್ದರೆ, ಅಥವಾ ಎರಡು ಹಲಗೆಗಳ ನಡುವೆ ನೀರು ನಿಂತರೆ, ಆ ಜಾಗವು ದಿನವಿಡೀ ತೇವವಾಗಿದ್ದು ಅಲ್ಲಿಂದಲೇ ಕೊಳೆತವು ಮೊದಲಾಗುತ್ತದೆ. ಮರದ ಕಾಲನ್ನು ಒದ್ದೆಯ ನೆಲದ ಮೇಲೆ ನಿಲ್ಲಿಸಿದರೆ, ಎಳೆಗಳ ತುದಿಯಿಂದ ನೀರು ದೀಪದ ಬತ್ತಿಯಲ್ಲಿ ಎಣ್ಣೆ ಏರುವಂತೆ ಮೇಲಕ್ಕೆ ಏರುತ್ತದೆ. ಮೇಲೆ ಹೇಳಿದ ಬೆಂಚಿಗೆ ಆದದ್ದು ಇದೇ.

ಆದುದರಿಂದ ಪೀಠದ ಆಯುಸ್ಸು ಮರದ ಜಾತಿಗಿಂತ ಹೆಚ್ಚಾಗಿ ಅದು ಒಣಗುವ ಏರ್ಪಾಟನ್ನು ಅವಲಂಬಿಸಿದೆ. ಕಲ್ಲಿನ ಕಾಲುಗಳ ಮೇಲೆ ಸಂದು ಬಿಟ್ಟು ಇಟ್ಟ ಹಲಸಿನ ಪಟ್ಟಿಗಳು, ಒದ್ದೆಯ ನೆಲದ ಮೇಲೆ ಕುಳಿತ ತೇಗದ ಪೆಟ್ಟಿಗೆಗಿಂತ ಹೆಚ್ಚು ಕಾಲ ಬರುತ್ತವೆ. ಈ ಒಂದು ಸಂಗತಿಯನ್ನು ಬಡಗಿಗೆ ಮನವರಿಕೆ ಮಾಡಿಕೊಟ್ಟರೆ ಅರ್ಧ ಕೆಲಸ ಮುಗಿಯಿತು. ಹಳ್ಳಿಯ ಬಡಗಿಗಳು ಬಹುಮಟ್ಟಿಗೆ ಕುಶಲರೇ. ಆದರೆ ಬೆಂಚೆಂದರೆ ನಾಲ್ಕು ಮರದ ಕಾಲುಗಳಿರಲೇಬೇಕೆಂಬ ಹಟವು ಅವರಲ್ಲಿ ಉಂಟು.

ಯಾವ ಮರವು ಯುಕ್ತ?

ಯಾವ ಮರವೇ ಆಗಲಿ, ಅದರ ಚೇಗನ್ನು ಮಾತ್ರ ಉಪಯೋಗಿಸತಕ್ಕದ್ದು. ತೊಗಟೆಯ ಕೆಳಗಿನ ಬಿಳಿಯ ಭಾಗದಲ್ಲಿ ಹಿಟ್ಟಿನ ಅಂಶವಿರುವುದರಿಂದ ಹುಳುವೂ ಬೂಷ್ಟೂ ಅದನ್ನೇ ಮೊದಲು ಹಿಡಿಯುತ್ತವೆ. ತೇಗವೆಂದು ಹೆಸರಿದ್ದರೂ ಅದರ ಬಿಳಿಯ ಭಾಗವು ಯಾವ ಕಾಡುಮರಕ್ಕಿಂತಲೂ ಮೇಲಲ್ಲ. ಬದುವಿನ ಮೇಲೆ ನೆಟ್ಟು ಹದಿನೈದು ವರ್ಷಕ್ಕೇ ಕಡಿದ ಎಳೆಯ ತೇಗದಲ್ಲಿ ಈ ಬಿಳಿಯ ಭಾಗವೇ ಹೆಚ್ಚಾಗಿರುವುದನ್ನು ಕೊಳ್ಳುವವರು ನೋಡಿಕೊಳ್ಳಬೇಕು.

ನಮ್ಮ ಕಡೆ ಸುಲಭವಾಗಿ ಸಿಕ್ಕುವ ಮರಗಳಲ್ಲಿ ಹಲಸು ಈ ಕೆಲಸಕ್ಕೆ ಬಹಳ ಒಳ್ಳೆಯದು. ಬಲಿತ ಹಲಸಿನ ಹಳದಿಯ ಚೇಗು ಗೆದ್ದಲಿಗೆ ಬೇಗನೆ ಬಗ್ಗುವುದಿಲ್ಲ. ಹತ್ತರಿ ಹಾಕಿದರೆ ನಯವಾಗುತ್ತದೆ, ಸಿಬರು ಏಳುವುದಿಲ್ಲ, ಹೆಚ್ಚು ಭಾರವೂ ಇಲ್ಲ. ಹೊಲದ ಮೂಲೆಯಲ್ಲಿ ಕಾಯಿ ಬಿಡುವುದನ್ನು ನಿಲ್ಲಿಸಿದ ಹಳೆಯ ಹಲಸಿದ್ದರೆ ತೇಗವನ್ನು ಕೊಳ್ಳುವ ಅಗತ್ಯವೇ ಇಲ್ಲ. ಬೇವು ಅದಕ್ಕೆ ಎರಡನೆಯದು. ಅದರ ಎಳೆಗಳು ಒಂದಕ್ಕೊಂದು ಹೆಣೆದುಕೊಂಡಿರುವುದರಿಂದ ಹತ್ತರಿಗೆ ಸ್ವಲ್ಪ ಮೊಂಡು. ಮೊದಲ ಕೆಲವು ವಾರ ವಾಸನೆಯೂ ಇರುತ್ತದೆ. ಹುಳುವಿನ ಬಾಧೆ ಕಡಮೆ.

ಕರಿಜಾಲಿಯು ಗಾಡಿಗೂ ನೇಗಿಲಿಗೂ ಹಿಂದಿನಿಂದ ಹೆಸರಾದ ಮರ. ಗಟ್ಟಿತನದಲ್ಲಿ ಅದನ್ನು ಮೀರುವುದು ಕಷ್ಟ. ಆದರೆ ಬಹು ಭಾರ, ಅವಸರವಾಗಿ ಒಣಗಿಸಿದರೆ ಸೀಳುತ್ತದೆ. ಪ್ರತಿದಿನವೂ ಎತ್ತಿಡಬೇಕಾದ ಪೀಠಕ್ಕೆ ಅದು ಹೆಂಗಸರಿಗೂ ವೃದ್ಧರಿಗೂ ಶ್ರಮ ಕೊಡುತ್ತದೆ. ಹೊನ್ನೆಯು ನಮ್ಮ ಬಯಲಿನಲ್ಲಿ ಅಪರೂಪ. ದೊರೆತರೆ ಬಾಳಿಕೆಗೆ ಅದಕ್ಕೆ ಸಮನಾದದ್ದು ಕಡಮೆ. ಆದರೆ ನೀರು ತಾಕಿದಾಗಲೆಲ್ಲಾ ಕಂದುಹಳದಿಯ ಬಣ್ಣವನ್ನು ಬಿಡುವುದರಿಂದ ಮೊದಲ ಕೆಲವು ದಿನ ಬಿಸಿನೀರಿನಿಂದ ಚೆನ್ನಾಗಿ ತೊಳೆಯದಿದ್ದರೆ ಪಂಚೆ ಸೀರೆಗಳಿಗೆ ಕಲೆ ಹತ್ತುವುದು. (ಆ ಬಣ್ಣದ ನೀರಿಗಾಗಿಯೇ ಹೊನ್ನೆಯ ಲೋಟಗಳನ್ನು ಮಾರುವವರಿದ್ದಾರೆ. ಅದು ವೈದ್ಯರೊಡನೆ ಮಾತನಾಡಬೇಕಾದ ವಿಷಯ, ಬಡಗಿಯೊಡನೆ ಅಲ್ಲ.)

ಇನ್ನು ಬೇಡವಾದ ಮರಗಳು. ಶ್ರೀನಿವಾಸಪುರದ ಕಡೆ ಹಳೆಯ ಮಾವಿನ ತೋಪುಗಳನ್ನು ತೆಗೆದಾಗ ಮರವು ಅಗ್ಗವಾಗಿ ಬರುತ್ತದೆ. ಒಣಗಿದ ಸ್ಥಳದಲ್ಲಿಡುವ ಪೆಟ್ಟಿಗೆಗೆ ಅದು ಆದೀತು. ಬಚ್ಚಲಿಗೆ ತಂದರೆ ಕೆಲವೇ ಮಳೆಗಾಲಗಳಲ್ಲಿ ಕಪ್ಪಾಗಿ ಮೆತ್ತಗಾಗುತ್ತದೆ. ಸಿಲ್ವರ್ ಓಕಿನ ಗೆರೆಗಳು ನೋಡಲು ಸೊಗಸು, ಬಾಳಿಕೆ ಇಲ್ಲ. ಹೊಂಗೆಯನ್ನು ಹುಳು ಬಿಡುವುದಿಲ್ಲ. ನೀಲಗಿರಿಯ ಮರವು ಟಿಪ್ಪು ಸುಲ್ತಾನನ ಕಾಲದಲ್ಲಿ, ೧೭೯೦ರ ಸುಮಾರಿಗೆ, ನಂದಿಬೆಟ್ಟಕ್ಕೆ ಮೊದಲು ಬಂದಿತೆಂದು ಹೇಳುತ್ತಾರೆ. ಆ ಬಳಿಕ ಅದು ಮಾಲೂರು ಕೋಲಾರಗಳ ಹೊಲಗಳನ್ನೆಲ್ಲಾ ಆಕ್ರಮಿಸಿ, ಅಂತರ್ಜಲದ ಚಿಂತೆಯಿಂದ ೨೦೧೭ರಲ್ಲಿ ಸರ್ಕಾರವು ಹೊಸದಾಗಿ ನೆಡುವುದನ್ನು ನಿಷೇಧಿಸುವವರೆಗೂ ಹೋಯಿತು. ನಿಂತಿರುವ ಮರಗಳಿವೆಯಲ್ಲಾ, ಅವನ್ನೇ ಕೊಯ್ಯಿಸೋಣವೆಂದು ತೋರಬಹುದು. ನೀಲಗಿರಿಯ ಹಲಗೆಯು ಒಣಗುವಾಗ ತಿರುಚಿಕೊಂಡು ಸೀಳುತ್ತದೆ, ನೆನೆದು ಒಣಗಿದಂತೆಲ್ಲಾ ಸಿಬರು ಏಳುತ್ತದೆ. ಬರಿಮೈಯಲ್ಲಿ ಕುಳಿತುಕೊಳ್ಳುವ ಪೀಠಕ್ಕೆ ಅದು ತಕ್ಕದ್ದಲ್ಲ. ಪ್ಲೈವುಡ್ಡಿನ ಮಾತನ್ನು ಎತ್ತುವುದೇ ಬೇಡ.

ಸ್ವಂತ ಜಮೀನಿನ ಮರವಾದರೂ ಕಡಿಯುವ ಮುಂಚೆ ೧೯೭೬ರ ಕರ್ನಾಟಕ ವೃಕ್ಷ ಸಂರಕ್ಷಣೆಯ ಕಾಯಿದೆಯ ಮೇರೆಗೆ ಅರಣ್ಯ ಇಲಾಖೆಯ ವೃಕ್ಷಾಧಿಕಾರಿಯ ಅನುಮತಿ ಬೇಕೇ ಎಂಬುದನ್ನು ವಿಚಾರಿಸಿಕೊಳ್ಳತಕ್ಕದ್ದು. ಕೆಲವು ಜಾತಿಗಳಿಗೆ ವಿನಾಯಿತಿ ಉಂಟು, ಎಲ್ಲಕ್ಕೂ ಇಲ್ಲ. ಗ್ರಾಮದ ಮುಖಂಡರು ಈ ವಿಷಯವನ್ನು ಮುಂದಾಗಿ ತಿಳಿಸಿದರೆ ಬಡ ರೈತರಿಗೆ ದಂಡದ ಭಯ ತಪ್ಪುತ್ತದೆ.

ಕೊಯ್ದು ಒಣಗಿಸುವುದು

ಮಳೆ ನಿಂತ ಮೇಲೆ, ಡಿಸೆಂಬರ್ ಜನವರಿಯಲ್ಲಿ ಮರವನ್ನು ಕಡಿದು ಕೊಯ್ಯಿಸುವುದು ಮೇಲು. ಮುಂದೆ ಸುಗ್ಗಿಯ ಗಾಳಿಯೂ ಬೇಸಗೆಯೂ ಒದಗುತ್ತವೆ. ಪಟ್ಟಿಗಳನ್ನು ಒಂದೂವರೆ ಅಂಗುಲ ದಪ್ಪಕ್ಕೆ ಕೊಯ್ಯಿಸಿ, ನೆಲದಿಂದ ಒಂದು ಅಡಿ ಎತ್ತರದಲ್ಲಿ, ನೆರಳಿನಲ್ಲಿ, ಅಡ್ಡಗೋಲುಗಳನ್ನಿಟ್ಟು ಒಂದರ ಮೇಲೊಂದು ಪೇರಿಸಿ, ಮೇಲೆ ಒಂದು ಭಾರವಾದ ಕಲ್ಲನ್ನು ಹೇರಬೇಕು. ಬಿಸಿಲಿಗೆ ಎಸೆದರೆ ತುದಿಗಳು ಮೊದಲು ಒಣಗಿ ಸೀಳುತ್ತವೆ. ತುದಿಗಳಿಗೆ ಸಗಣಿಯನ್ನು ಬಳಿಯುವ ಹಳೆಯ ಪದ್ಧತಿಯು ಇದಕ್ಕಾಗಿಯೇ ಹುಟ್ಟಿದ್ದು, ಅದನ್ನು ಬಿಡಬೇಕಾಗಿಲ್ಲ.

ಒಣಗಿತೇ ಇಲ್ಲವೇ ಎಂಬುದನ್ನು ಬೆರಳಿನಿಂದ ಮುಟ್ಟಿ ಹೇಳಲಾಗದು. ಒಂದು ಪಟ್ಟಿಗೆ ಗುರುತು ಹಾಕಿ, ಹದಿನೈದು ದಿನಕ್ಕೊಮ್ಮೆ ಅಂಗಡಿಯ ತಕ್ಕಡಿಯಲ್ಲಿ ತೂಗಿ, ತೂಕವನ್ನು ಗೋಡೆಯ ಮೇಲೆ ಬರೆದಿಡಬೇಕು. ಸತತವಾಗಿ ಇಳಿಯುತ್ತಿದ್ದ ತೂಕವು ಎರಡು ಸಲ ಒಂದೇ ಆಗಿ ನಿಂತರೆ ಮರವು ನಮ್ಮ ಹವೆಗೆ ಒಣಗಿತೆಂದು ತಿಳಿಯತಕ್ಕದ್ದು. ಹಸಿಯ ಮರದಿಂದ ಪೀಠವನ್ನು ಮಾಡಿಸಿದರೆ ಅದು ಆಮೇಲೆ ಸೊರಗಿ ಮೊಳೆಗಳೆಲ್ಲಾ ಸಡಿಲವಾಗುತ್ತವೆ.

ಕಾಲುಗಳು

ಕಾಲುಗಳಿಗೆ ಕಲ್ಲೇ ಸರಿ. ಹನ್ನೆರಡು ಅಂಗುಲ ಅಗಲ, ನಾಲ್ಕು ಅಂಗುಲ ದಪ್ಪ, ಇಪ್ಪತ್ತನಾಲ್ಕು ಅಂಗುಲ ಉದ್ದದ ಎರಡು ಚಪ್ಪಡಿಗಳು ಸಾಕು. ಮಾಲೂರು ತಾಲ್ಲೂಕಿನ ಶಿವಾರಪಟ್ಟಣದ ಶಿಲ್ಪಿಗಳು ದೇವರ ವಿಗ್ರಹಗಳಿಗೆ ಹೆಸರಾದವರು. ಈ ಕೆಲಸಕ್ಕೆ ಅವರಲ್ಲಿಗೆ ಹೋಗಬೇಕಾಗಿಲ್ಲ, ಬೇಲಿಯ ಕಲ್ಲುಕಂಬಗಳನ್ನು ಸೀಳುವವರೇ ಮಾಡಿಕೊಡುತ್ತಾರೆ. ಕಲ್ಲು ಸಿಕ್ಕದಿದ್ದರೆ ಮಾಲೂರಿನ ಸುಟ್ಟ ಇಟ್ಟಿಗೆಯಿಂದ ಸಿಮೆಂಟಿನಲ್ಲಿ ಕಟ್ಟಿ ಗಿಲಾವು ಮಾಡಿಸಬಹುದು.

ಚಪ್ಪಡಿಗಳನ್ನು ನೆಟ್ಟಗೆ ನಿಲ್ಲಿಸಿ, ಎಂಟು ಅಂಗುಲ ನೆಲದೊಳಗೆ ಕಾಂಕ್ರೀಟಿನಲ್ಲಿ ಹೂಳಬೇಕು. ಹದಿನಾರು ಅಂಗುಲ ಮೇಲೆ ಉಳಿಯುತ್ತದೆ. ಪಟ್ಟಿಯ ದಪ್ಪವೂ ಸೇರಿ ಪೀಠದ ಎತ್ತರವು ಹದಿನೇಳು ಅಂಗುಲದಷ್ಟಾಗುತ್ತದೆ. ಈ ಎತ್ತರವನ್ನು ಸುಮ್ಮನೆ ಹೇಳಿದ್ದಲ್ಲ. ಮೂರು ನಾಲ್ಕು ಅಂಗುಲದ ಮಣೆಯಿಂದ ಏಳುವುದಕ್ಕೆ ವೃದ್ಧರು ಹಂಡೆಯ ಕಂಠವನ್ನೋ ನಲ್ಲಿಯನ್ನೋ ಹಿಡಿದುಕೊಳ್ಳುತ್ತಾರೆ; ಬೀಳುವುದು ಆ ಗಳಿಗೆಯಲ್ಲಿಯೇ. ಕುಳಿತಾಗ ತೊಡೆಯು ನೆಲಕ್ಕೆ ಸಮನಾಗಿದ್ದು ಪಾದಗಳು ಪೂರ್ತಿಯಾಗಿ ನೆಲವನ್ನು ಮುಟ್ಟುತ್ತಿದ್ದರೆ ಎತ್ತರವು ಸರಿಯಾಗಿದೆ. ಮನೆಯ ಹಿರಿಯರನ್ನು ಮೊದಲೇ ಒಂದು ಕುರ್ಚಿಯ ಮೇಲೆ ಕೂರಿಸಿ ಅಳೆದುಕೊಂಡು ಒಂದಂಗುಲ ಹೆಚ್ಚುಕಡಮೆ ಮಾಡಬಹುದು.

ಎರಡು ಚಪ್ಪಡಿಗಳ ಹೊರಮೈಯಿಂದ ಹೊರಮೈಗೆ ನಲವತ್ತು ಅಂಗುಲವಿರಲಿ. ಪೀಠವು ನಲವತ್ತೆಂಟು ಅಂಗುಲ ಉದ್ದವಿರುವುದರಿಂದ ಎರಡು ಕಡೆಯೂ ನಾಲ್ಕು ನಾಲ್ಕು ಅಂಗುಲ ಮಾತ್ರ ಹೊರಚಾಚುತ್ತದೆ. ಇದಕ್ಕಿಂತ ಹೆಚ್ಚು ಚಾಚಿದರೆ ತುದಿಯಲ್ಲಿ ಕುಳಿತವರ ಭಾರಕ್ಕೆ ಪೀಠವು ಮಗುಚೀತು. ಗೋಡೆಗೂ ಚಪ್ಪಡಿಗೂ ನಡುವೆ ಎರಡಂಗುಲ ತೆರವಿರಬೇಕು. ಚಪ್ಪಡಿಯ ತಲೆಯನ್ನು ಎತ್ತಿನ ಬೆನ್ನಿನಂತೆ ಉಬ್ಬಾಗಿ ಕೆತ್ತಿಸಬೇಕು. ಆಗ ಮರವು ಕಲ್ಲನ್ನು ಒಂದು ಗೆರೆಯಷ್ಟು ಜಾಗದಲ್ಲಿ ಮಾತ್ರ ಮುಟ್ಟಿ, ನೀರು ಎರಡು ಕಡೆಗೂ ಜಾರಿಹೋಗುತ್ತದೆ. ತಲೆಯ ನಟ್ಟನಡುವೆ ಒಂದು ತೂತನ್ನು ಕೊರೆಯಿಸಿ, ಕಾಲು ಅಂಗುಲ ದಪ್ಪದ ಹಿತ್ತಾಳೆಯ ಕಡ್ಡಿಯನ್ನು ಮುಕ್ಕಾಲು ಅಂಗುಲ ಮೇಲೆ ನಿಲ್ಲುವಂತೆ ಸಿಮೆಂಟಿನಲ್ಲಿ ಕೂರಿಸಬೇಕು. ಇದರ ಪ್ರಯೋಜನವು ಮುಂದೆ ತಿಳಿಯುತ್ತದೆ.

ಪೀಠ

ಒಣಗಿದ ಮರವನ್ನು ಹತ್ತರಿ ಹಾಕಿ ಮೂರಂಗುಲ ಅಗಲ, ಒಂದೂಕಾಲು ಅಂಗುಲ ದಪ್ಪ, ನಲವತ್ತೆಂಟು ಅಂಗುಲ ಉದ್ದದ ನಾಲ್ಕು ಪಟ್ಟಿಗಳನ್ನು ಮಾಡಿಸತಕ್ಕದ್ದು. ಗಂಟು ಇರುವ ಪಟ್ಟಿಯನ್ನು ತೆಗೆದುಕೊಳ್ಳಕೂಡದು. ಗಂಟಿರುವ ಕಡೆ ಪಟ್ಟಿಯ ಬಲವು ಕುಂದುತ್ತದೆ, ಗಂಟು ಕಳಚಿಬಿದ್ದರೆ ಅಂಚು ಮೈಯನ್ನು ಗೀರುತ್ತದೆ. ಅಗಲವಾದ ಒಂದೇ ಹಲಗೆಯೇಕೆ ಬೇಡವೆಂದರೆ, ಮರವು ನೆನೆದಾಗ ಉದ್ದದಲ್ಲಿ ಬೆಳೆಯುವುದಿಲ್ಲ, ಅಗಲದಲ್ಲಿ ಉಬ್ಬುತ್ತದೆ. ಹದಿಮೂರು ಅಂಗುಲದ ಹಲಗೆಯು ಹೀಗೆ ದಿನವೂ ಉಬ್ಬಿ ಕುಗ್ಗಿ, ಕೊನೆಗೆ ಬಾಣಲೆಯಂತೆ ಬಾಗುತ್ತದೆ ಇಲ್ಲವೆ ಸೀಳುತ್ತದೆ. ಮೂರಂಗುಲದ ಪಟ್ಟಿಯ ಉಬ್ಬರವು ಅತ್ಯಲ್ಪ. ಪಕ್ಕದ ಸಂದು ಅದನ್ನು ನುಂಗಿಕೊಳ್ಳುತ್ತದೆ.

ಪಟ್ಟಿ ಪಟ್ಟಿಯ ನಡುವೆ ಮುಕ್ಕಾಲು ಅಂಗುಲದ ಅರ್ಧದಷ್ಟು ಸಂದು ಬಿಡಬೇಕು. ಬಡಗಿಗೆ ಆ ದಪ್ಪದ ಒಂದು ಚಕ್ಕೆಯನ್ನು ಕೊಟ್ಟು ಎಲ್ಲಾ ಸಂದುಗಳಲ್ಲಿಯೂ ಅದನ್ನೇ ಇಟ್ಟು ಜೋಡಿಸುವಂತೆ ಹೇಳಿದರೆ ತಪ್ಪಾಗುವುದಿಲ್ಲ. ಸಂದು ಇದಕ್ಕಿಂತ ಕಿರಿದಾದರೆ ಸೀಗೆಯ ಪುಡಿಯೂ ಕೂದಲೂ ಕಟ್ಟಿಕೊಂಡು ನೀರು ನಿಲ್ಲುತ್ತದೆ. ಹಿರಿದಾದರೆ ಮಕ್ಕಳ ಬೆರಳು ಸಿಕ್ಕಿಕೊಳ್ಳುವ ಭಯ.

ಪಟ್ಟಿಗಳನ್ನು ಮೂರು ಅಡ್ಡಪಟ್ಟಿಗಳು ಹಿಡಿದಿರಬೇಕು. ಅಡ್ಡಪಟ್ಟಿಯು ಹನ್ನೆರಡು ಅಂಗುಲ ಉದ್ದ, ಮೂರಂಗುಲ ಅಗಲ, ಒಂದೂವರೆ ಅಂಗುಲ ದಪ್ಪ. ಒಂದು ನಡುವೆ, ಉಳಿದ ಎರಡು ಕಲ್ಲುಗಳ ಒಳಮಗ್ಗುಲಿಗೆ ಕಾಲಂಗುಲದಷ್ಟು ಬಿಟ್ಟು ಬರುವಂತೆ. ಇವು ಪೀಠವು ಉದ್ದಕ್ಕೆ ಸರಿಯುವುದನ್ನು ತಡೆಯುತ್ತವೆ. ಅಡ್ಡಕ್ಕೆ ಸರಿಯದಂತೆ ತಡೆಯುವುದು ಮೇಲೆ ಹೇಳಿದ ಹಿತ್ತಾಳೆಯ ಕಡ್ಡಿ. ಅದು ಎರಡನೆಯ ಮೂರನೆಯ ಪಟ್ಟಿಗಳ ನಡುವಣ ಸಂದಿನೊಳಗೆ ಏರಿ, ಮೇಲ್ಮೈಗಿಂತ ಅರ್ಧ ಅಂಗುಲ ಕೆಳಗೇ ನಿಲ್ಲುತ್ತದೆ; ಮೈಗೆ ತಾಗುವುದಿಲ್ಲ. ಮೊಳೆ ಬಿಗಿ ಯಾವುದೂ ಇಲ್ಲದೆ ಪೀಠವು ಅಲುಗದೆ ಕುಳಿತುಕೊಂಡು, ಬೇಕೆಂದಾಗ ಎರಡು ಕೈಯಲ್ಲಿ ಎತ್ತಲು ಬರುತ್ತದೆ. ಇಡೀ ಏರ್ಪಾಟಿನ ತಿರುಳು ಇದೇ. ತೇಗದ ಪೀಠವು ೯ರಿಂದ ೧೦ ಕಿಲೋ, ಹೊನ್ನೆಯದಾದರೆ ೧೨ ಕಿಲೋ ತೂಗೀತು. ಮರವು ಮುಕ್ಕಾಲು ಘನ ಅಡಿ ಸಾಕು.

ಜೋಡಿಸುವುದಕ್ಕೆ ಕಬ್ಬಿಣದ ಮೊಳೆ ಕೂಡದು. ತುಕ್ಕು ಹಿಡಿದು ಮೊಳೆಯೂ ಸವೆಯುತ್ತದೆ, ಅದರ ಸುತ್ತಿನ ಮರವೂ ಕಪ್ಪಾಗಿ ಸಾರ ಕಳೆದುಕೊಳ್ಳುತ್ತದೆ. ಸ್ಟೇನ್‌ಲೆಸ್ ಸ್ಟೀಲಿನ ಅಥವಾ ಹಿತ್ತಾಳೆಯ ತಿರುಪುಮೊಳೆಗಳನ್ನು ಅಡ್ಡಪಟ್ಟಿಯ ಕೆಳಗಿನಿಂದ ಮೇಲಕ್ಕೆ ಹಾಕಬೇಕು. ಎರಡೂಕಾಲು ಅಂಗುಲ ಉದ್ದವಾದರೆ ಪಟ್ಟಿಯೊಳಕ್ಕೆ ಮುಕ್ಕಾಲು ಅಂಗುಲ ಹಿಡಿಯುತ್ತದೆ, ಮೇಲೆ ತೂರುವುದಿಲ್ಲ. ಒಂದೊಂದು ಕೂಡಿಗೆ ಎರಡರಂತೆ ಇಪ್ಪತ್ತನಾಲ್ಕು ಬೇಕು. ಮೊದಲು ಬೈರಿಗೆಯಿಂದ ಸಣ್ಣ ತೂತು ಕೊರೆಯದೆ ತಿರುಪಿದರೆ ಗಟ್ಟಿಮರವು ಸೀಳುವುದು. ಪಟ್ಟಿಯ ಅಂಚುಗಳನ್ನೆಲ್ಲಾ ಗುಂಡಗೆ ಮಾಡಿ ಉಪ್ಪುಕಾಗದದಿಂದ ಉಜ್ಜಿಸಬೇಕು. ಪಟ್ಟಿಯ ತುದಿಯಲ್ಲಿ ಬಳೆಯಂತೆ ಕಾಣುವ ಗೆರೆಗಳನ್ನು ನೋಡಿ, ತೊಗಟೆಯ ಕಡೆಯ ಮುಖವು ಮೇಲೆ ಬರುವಂತೆ ಇಟ್ಟರೆ ಸಿಬರು ಏಳುವುದು ಕಡಮೆ.

ಬಳಿಯಬಾರದ ವಸ್ತುಗಳು

ಗೆದ್ದಲಿಗೆಂದು ಟ್ರ್ಯಾಕ್ಟರಿನ ಹಳೆಯ ಎಂಜಿನ್ ಎಣ್ಣೆಯನ್ನು ಮರಕ್ಕೆ ಬಳಿಯುವ ಅಭ್ಯಾಸವು ಹಳ್ಳಿಗಳಲ್ಲಿ ಹರಡಿದೆ. ಬೇಲಿಯ ಗೂಟದ ಮಾತು ಬೇರೆ. ಮೈಗೆ ತಾಗುವ ಪೀಠಕ್ಕೆ ಅದನ್ನು ಬಳಿಯುವುದು ಅಪಾಯ. ಅದರಲ್ಲಿ ಚರ್ಮಕ್ಕೆ ಕೇಡುಮಾಡುವ ವಿಷಾಂಶಗಳಿರುತ್ತವೆ. ಅಲ್ಲದೆ ಬಚ್ಚಲಿನ ನೀರು ಹಿತ್ತಲಿನ ಬಾಳೆಗೂ ತೆಂಗಿಗೂ ಹರಿಯತಕ್ಕದ್ದು. ವರ್ಷವಿಡೀ ಹರಿಯುವ ನದಿಯಿಲ್ಲದ ನಮ್ಮ ಸೀಮೆಯಲ್ಲಿ, ಸಾವಿರ ಅಡಿಗೂ ಮೀರಿ ಕೊಳವೆಬಾವಿ ಕೊರೆಯಿಸಿ ಪಡೆದ ನೀರನ್ನು ಕೆಡಿಸಿ ಗಿಡದ ಬುಡಕ್ಕೆ ಬಿಡುವುದು ಬುದ್ಧಿವಂತಿಕೆಯಲ್ಲ. ವಾರ್ನಿಷೂ ಬಣ್ಣವೂ ಬಿಸಿನೀರಿಗೆ ಪೊರೆಯೆದ್ದು, ಆ ಪೊರೆಯ ಕೆಳಗೆ ತೇವವನ್ನು ಹಿಡಿದಿಡುತ್ತವೆ. ಒದ್ದೆಯಾದಾಗ ಜಾರುವುದೂ ಹೆಚ್ಚು. ಹೊಂಗೆಯೆಣ್ಣೆ, ಕೊಬ್ಬರಿಯೆಣ್ಣೆಗಳು ಒಣಗುವ ಜಾತಿಯವಲ್ಲ. ಅಂಟುಅಂಟಾಗಿ ಉಳಿದು ಧೂಳನ್ನೂ ಬೂಷ್ಟನ್ನೂ ಕರೆಯುತ್ತವೆ.

ಒಳ್ಳೆಯ ಚೇಗಿಗೆ ಏನನ್ನೂ ಬಳಿಯಬೇಕಾಗಿಲ್ಲ. ಬಳಿಯಲೇಬೇಕೆಂದರೆ ಶುದ್ಧವಾದ ಅಗಸೆಯೆಣ್ಣೆಯನ್ನು ತೆಳ್ಳಗೆ ಒರಸಿ ಹದಿನೈದು ದಿನ ಗಾಳಿಗೆ ಬಿಟ್ಟು ಆಮೇಲೆ ಉಪಯೋಗಿಸಬಹುದು. ಒರಸಿದ ಬಟ್ಟೆಯನ್ನು ಮುದ್ದೆಮಾಡಿ ಮೂಲೆಗೆ ಎಸೆಯಬಾರದು. ಅಗಸೆಯೆಣ್ಣೆಯು ಒಣಗುವಾಗ ಶಾಖ ಹುಟ್ಟಿ ಬಟ್ಟೆಯು ತನಗೆ ತಾನೇ ಹೊತ್ತಿಕೊಳ್ಳುವುದುಂಟು. ಹರಡಿ ಒಣಗಿಸಿ, ಇಲ್ಲವೆ ನೀರಿನಲ್ಲಿ ನೆನೆಯಿಸಿ ಎಸೆಯತಕ್ಕದ್ದು.

ಒಲೆಯೂ ಗಾಳಿಯೂ

ಪೀಠವು ಒಲೆಯ ಬಾಯಿಯಿಂದ ಎರಡೂವರೆ ಅಡಿಗಿಂತ ಹತ್ತಿರ ಇರಕೂಡದು. ಒಲೆಯ ಬಾಯಿಯನ್ನು ಹೊರಗಡೆಗೆ ಇಟ್ಟು ಹಂಡೆಯನ್ನು ಮಾತ್ರ ಒಳಗಡೆಗೆ ತೋರಿಸುವ ಹಳೆಯ ಏರ್ಪಾಟು ಬಹಳ ಉತ್ತಮ. ಹೊಸ ಮನೆಗಳಲ್ಲಿ ಅದನ್ನು ಬಿಟ್ಟಿರುವುದು ವ್ಯಸನಕರ. ಹೊಗೆಯಿಂದ ಕಣ್ಣು ಉರಿಯುವುದಷ್ಟೇ ಅದರ ದೋಷವೆಂದು ಯಾರೂ ಭಾವಿಸಬಾರದು. ಗಾಳಿ ಸಾಲದೆ ಉರಿಯುವ ಸೌದೆಯಿಂದಲೂ, ಕೆಂಡದಿಂದಲೂ, ಗ್ಯಾಸ್ ಗೀಸರಿನಿಂದಲೂ ಕಾರ್ಬನ್ ಮಾನಾಕ್ಸೈಡ್ ಎಂಬ ವಿಷವಾಯು ಹೊರಡುತ್ತದೆ. ಅದಕ್ಕೆ ಬಣ್ಣವಿಲ್ಲ, ವಾಸನೆಯಿಲ್ಲ. ಬಾಗಿಲು ಕಿಟಕಿಗಳನ್ನು ಭದ್ರವಾಗಿ ಮುಚ್ಚಿಕೊಂಡು ಸ್ನಾನಕ್ಕೆ ಕುಳಿತವರು ತಲೆಸುತ್ತಿ ಅಲ್ಲಿಯೇ ಪ್ರಾಣಬಿಟ್ಟ ಪ್ರಸಂಗಗಳು ಪ್ರತಿ ಚಳಿಗಾಲದಲ್ಲಿಯೂ ಕೇಳಿಬರುತ್ತವೆ. ಗೀಸರನ್ನು ಸ್ನಾನದ ಕೋಣೆಯ ಹೊರಗೆ ಇರಿಸಬೇಕು. ಕೋಣೆಗೆ ನೆಲದ ಬಳಿ ಒಂದು, ಸೂರಿನ ಬಳಿ ಒಂದು, ಹೀಗೆ ಎದುರುಬದಿರಾಗಿ ಎರಡು ಗವಾಕ್ಷಿಗಳನ್ನು ಮುಚ್ಚಲು ಬಾರದಂತೆ ಇಡಬೇಕು. ಮನುಷ್ಯರ ಪ್ರಾಣವನ್ನು ಉಳಿಸುವ ಆ ಗಾಳಿಯೇ ಪೀಠವನ್ನೂ ಒಣಗಿಸುತ್ತದೆ.

ಬಾಣಂತಿಯ ಹಲಗೆ

ಬಾಣಂತಿಗೆ ಬಿಸಿನೀರು ಹುಯ್ಯುವ ಪದ್ಧತಿ ಇರುವ ಮನೆಗಳಲ್ಲಿ ಆಕೆಯು ಒರಗಿ ಕುಳಿತುಕೊಳ್ಳಲು ಉದ್ದವಾದ ಪೀಠ ಬೇಕೆನ್ನುತ್ತಾರೆ. ಇದಕ್ಕೆ ಆರು ಅಡಿ ಉದ್ದದ ಪಟ್ಟಿಗಳನ್ನು ಹಾಕಿ, ನಡುವೆ ಮೂರನೆಯ ಕಲ್ಲನ್ನು ನಿಲ್ಲಿಸತಕ್ಕದ್ದು. ಎರಡೇ ಕಲ್ಲುಗಳ ಮೇಲೆ ಅಷ್ಟು ಉದ್ದವನ್ನು ಬಿಟ್ಟರೆ ಪಟ್ಟಿಯು ಜಗ್ಗುತ್ತದೆ. ಅಗಲಕ್ಕೆ ಇನ್ನೂ ಎರಡು ಪಟ್ಟಿಗಳನ್ನು ಸೇರಿಸಿ, ಕಲ್ಲುಗಳನ್ನೂ ಅಡ್ಡಪಟ್ಟಿಗಳನ್ನೂ ಅದಕ್ಕೆ ತಕ್ಕಂತೆ ಅಗಲಮಾಡಬೇಕು. ಎತ್ತಲು ಇಬ್ಬರು ಬೇಕಾಗುವುದರಿಂದ ಇದನ್ನು ಎರಡು ತುಂಡಾಗಿ ಮಾಡಿಸುವುದೇ ಲೇಸು; ಆಗ ನಡುಗಲ್ಲಿನ ಮೇಲೆ ಎರಡರ ತುದಿಗಳೂ ಕೂಡುವುದರಿಂದ ಆ ಕಲ್ಲು ಆರು ಅಂಗುಲ ದಪ್ಪವಿರಬೇಕು, ಅದರ ತಲೆಯು ಉಬ್ಬಾಗಿರದೆ ಸಮನಾಗಿರಬೇಕು. ಹೆರಿಗೆಯ ಬಳಿಕ ನಿಶ್ಶಕ್ತಿಯಿಂದಿರುವ ಹೆಂಗಸಿಗೆ ಬಿಸಿಯಲ್ಲಿ ತಲೆಸುತ್ತು ಬರುವುದು ಸಹಜ. ಆಕೆಯನ್ನು ಒಬ್ಬಳನ್ನೇ ಬಿಟ್ಟು ಹೋಗಕೂಡದು. ೬೦ ಡಿಗ್ರಿಯ ನೀರು ಐದಾರು ಸೆಕೆಂಡುಗಳಲ್ಲಿಯೇ ಚರ್ಮವನ್ನು ಆಳವಾಗಿ ಸುಡುತ್ತದೆ. ನೀರು ಹುಯ್ಯುವವರ ಕೈ ಬಿಸಿಗೆ ಪಳಗಿರುವುದರಿಂದ ಅವರ ಅಂದಾಜನ್ನು ನಂಬದೆ, ಬಾಣಂತಿಯ ಮೊಣಕೈಗೆ ಮೊದಲು ಸೋಕಿಸಿ ಆಕೆಯನ್ನು ಕೇಳಿಯೇ ಹುಯ್ಯತಕ್ಕದ್ದು. ಸೂತಿಕೆಯ ಕೋಣೆಯಲ್ಲಿ ಕೆಂಡವನ್ನು ಇಡುವವರಿಗೆ ಗಾಳಿಯ ವಿಷಯವಾಗಿ ಮೇಲೆ ಹೇಳಿದ್ದೆಲ್ಲವೂ ಸಲ್ಲುತ್ತದೆ.

ದಿನನಿತ್ಯದ ಉಪಚಾರ

ಮನೆಯವರೆಲ್ಲರ ಸ್ನಾನ ಮುಗಿದ ಮೇಲೆ ಒಂದು ಚೊಂಬು ತಣ್ಣೀರನ್ನು ಸುರಿದು, ಪೀಠವನ್ನು ಎತ್ತಿ, ಗೋಡೆಗೆ ಓರೆಯಾಗಿ ನಿಲ್ಲಿಸಬೇಕು. ಕೆಲಸ ಅರೆನಿಮಿಷದ್ದು. ಎಣ್ಣೆಸ್ನಾನದ ದಿನಗಳಲ್ಲಿ ಮಾತ್ರ ಸೀಗೆಯ ಪುಡಿಯನ್ನು ಹಾಕಿ ತೆಂಗಿನ ನಾರಿನಿಂದ ಎಳೆಯ ಉದ್ದಕ್ಕೆ ಉಜ್ಜಿ ಬಿಸಿನೀರಿನಿಂದ ತೊಳೆಯತಕ್ಕದ್ದು; ಹರಳೆಣ್ಣೆ ಕುಡಿದ ಹಲಗೆಯು ಮಾರನೆಯ ದಿನ ನೀರು ಬಿದ್ದೊಡನೆ ಜಾರುತ್ತದೆ. ನೀರು ತುಂಬುವ ಹಬ್ಬದ ಮಾರನೆಯ ಬೆಳಗ್ಗೆ ಮನೆಮಂದಿಯೆಲ್ಲಾ ಒಬ್ಬರ ಹಿಂದೊಬ್ಬರು ಎಣ್ಣೆ ನೀರು ಹಾಕಿಕೊಳ್ಳುವಾಗ ನಡುನಡುವೆ ಒಮ್ಮೆ ತೊಳೆಯುವುದನ್ನು ಯಾರಾದರೂ ಒಬ್ಬರು ವಹಿಸಿಕೊಳ್ಳಬೇಕು. ಕೊಳವೆಬಾವಿಯ ಗಡುಸುನೀರಿನಿಂದ ಬಿಳಿಯ ಉಪ್ಪು ಕಟ್ಟಿದರೆ ಹಂಡೆಯನ್ನು ಬೆಳಗುವ ಹುಣಸೆಯಿಂದಲೇ ಅದನ್ನೂ ತೆಗೆಯಬಹುದು.

ವರ್ಷಕ್ಕೆ ಎರಡು ಸಲ, ಯುಗಾದಿಗೆ ಮುಂಚೆ ಒಮ್ಮೆ, ಮಳೆಗಾಲ ಕಳೆದ ಮೇಲೆ ಒಮ್ಮೆ, ಪೀಠವನ್ನು ಅಂಗಳಕ್ಕೆ ತಂದು ಮಗುಚಿ ನೋಡಬೇಕು. ಒಂದು ದಬ್ಬಳವನ್ನು ತೆಗೆದುಕೊಂಡು ಅಡ್ಡಪಟ್ಟಿ ಸೇರುವ ಕಡೆಗಳಲ್ಲಿಯೂ ಕಲ್ಲು ಮುಟ್ಟುವ ಕಡೆಗಳಲ್ಲಿಯೂ ಒತ್ತಿ ನೋಡಿದರೆ ಸಾಕು. ಗಟ್ಟಿಯ ಮರದಲ್ಲಿ ದಬ್ಬಳವು ಕೂದಲೆಳೆಯಷ್ಟು ಇಳಿದು ನಿಲ್ಲುತ್ತದೆ. ಕಾಲಂಗುಲ ಸಲೀಸಾಗಿ ಇಳಿದರೆ ಆ ಪಟ್ಟಿಯ ಕಾಲ ಮುಗಿಯಿತು. ಅದೊಂದನ್ನು ಬಿಚ್ಚಿ ಹೊಸದನ್ನು ಹಾಕಿಸುವವರೆಗೆ ಯಾರನ್ನೂ ಅದರ ಮೇಲೆ ಕೂರಿಸಕೂಡದು. ಇದಕ್ಕೆಂದು ಮೊದಲೇ ಎರಡು ಹೆಚ್ಚಿನ ಪಟ್ಟಿಗಳನ್ನು ಅದೇ ಮರದಿಂದ ಕೊಯ್ಯಿಸಿ ಅಟ್ಟದ ಮೇಲೆ ಇಟ್ಟಿರತಕ್ಕದ್ದು.